ಕಪಿಲೆಯ ಸೊಂಡಿಲು

ಯಂತ್ರವೆಂದೊಡನೆ ನಮ್ಮ ಕಣ್ಣಿಗೆ ಕಟ್ಟುವುದು ಕಬ್ಬಿಣ, ಉಕ್ಕು. ಚಿತ್ರದುರ್ಗದ ಸೀಮೆಯವರಾದ ನಮಗೆ ಈ ಭ್ರಮೆ ತುಸು ಹೆಚ್ಚೇ ಇರಬೇಕು. ಕಲ್ಲಿನ ಕೋಟೆಯ ನೆರಳಿನಲ್ಲಿ ಬೆಳೆದವರು ಬಲವೆಂದರೆ ಗಡಸುತನವೆಂದು ಬಗೆಯುವುದು ಸಹಜ. ಮೊನ್ನೆ ನನ್ನ ತಂಗಿಯ ಮಗ ಆ ನಂಬಿಕೆಯನ್ನು ಅಲುಗಾಡಿಸಿಬಿಟ್ಟ.

ಹುಡುಗ ಹೊಸದುರ್ಗದವನು; ಚಿತ್ರದುರ್ಗದಲ್ಲಿ ಇಂಜಿನಿಯರಿಂಗ್ ಓದುತ್ತಾನೆ. ರಜೆಗೆಂದು ಹೊಳಲ್ಕೆರೆಯ ನಮ್ಮ ಮನೆಗೆ ಬಂದವನು ಸಿಲಿಕೋನ್ ರಬ್ಬರನ್ನು ಅಚ್ಚಿಗೆ ಹೊಯ್ದು ಒಂದು ಪೊಳ್ಳು ಬೆರಳು ಮಾಡಿದ. ಗಾಳಿ ತುಂಬಿದರೆ ಅದು ಬಾಗಿ, ಟೊಮೇಟೊ ಹಣ್ಣನ್ನು ನಜ್ಜಾಗದಂತೆ ಹಿಡಿಯಬೇಕು. ಗಾಳಿ ತುಂಬಿದ, ಬೆರಳು ಸೋರೆಕಾಯಿಯಂತೆ ಉಬ್ಬಿತೇ ಹೊರತು ಬಾಗಲಿಲ್ಲ. "ಮೆತ್ತಗಿದ್ದರೆ ಸಾಲದು ಮಾವ, ಒಂದು ಮಗ್ಗುಲು ಹಿಗ್ಗಬಾರದು" ಎಂದವನೇ ಮರುದಿನ ಇನ್ನೊಂದು ಬೆರಳನ್ನು ಎರೆದು, ಅದರ ಒಂದು ಮಗ್ಗುಲಿಗೆ ನನ್ನ ಹಳೆಯ ಪಂಚೆಯ ತುಂಡನ್ನು ಕೂಡಿಸಿದ. ಈ ಸಲ ಒಂದು ಮಗ್ಗುಲು ಹಿಗ್ಗಿತು, ಇನ್ನೊಂದು ತಡೆಯಿತು; ಬೆರಳು ಬಾಗಿ ಹಣ್ಣನ್ನು ಹಿಡಿಯಿತು.

ಈ ವಿದ್ಯೆಗೆ ಇಂದು ಲೋಕದಲ್ಲಿ ದೊಡ್ಡ ಮರ್ಯಾದೆ ಉಂಟು. 1950ರ ದಶಕದಲ್ಲಿ ಅಮೆರಿಕದ ಭೌತವಿಜ್ಞಾನಿ ಜೋಸೆಫ್ ಮೆಕಿಬೆನ್, ಪೋಲಿಯೋದಿಂದ ಕೈ ಸ್ವಾಧೀನ ತಪ್ಪಿದ ಮಗಳಿಗಾಗಿ, ರಬ್ಬರು ನಳಿಕೆಗೆ ಹೆಣಿಗೆಯ ಕವಚ ತೊಡಿಸಿದ ಕೃತಕ ಸ್ನಾಯುವನ್ನು ಬಳಕೆಗೆ ತಂದನು. ಗಾಳಿ ತುಂಬಿದಾಗ ನಳಿಕೆ ದಪ್ಪಗಾಗುತ್ತದೆ. ಹೆಣಿಗೆ ಅದನ್ನು ಗಿಡ್ಡಗಾಗಿಸುತ್ತದೆ. ಆ ಕುಗ್ಗುವಿಕೆಯೇ ಎಳೆತವಾಗುತ್ತದೆ. 2016ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾಲಯದವರು ಗಡಸು ಭಾಗವೊಂದೂ ಇಲ್ಲದ, ಎಂಟು ತೋಳುಗಳ ಪುಟ್ಟ ರೋಬಾಟ್ ಒಂದನ್ನು ಮಾಡಿ ತೋರಿಸಿದರು. ಅದಕ್ಕೆ ಬ್ಯಾಟರಿಯೂ ಇರಲಿಲ್ಲ. ಹೈಡ್ರೊಜನ್ ಪೆರಾಕ್ಸೈಡಿನಿಂದ ಹುಟ್ಟಿದ ಅನಿಲವೇ ಅದರ ತೋಳುಗಳನ್ನು ಆಡಿಸಿತು.

ಹುಡುಗ ಇದನ್ನೆಲ್ಲ ವಿವರಿಸುತ್ತಿದ್ದಾಗ ನನಗೆ ನೆನಪಾದುದು ನಮ್ಮಜ್ಜನ ಕಪಿಲೆ ಬಾವಿ. ಹಿರಿಯೂರು ತಾಲ್ಲೂಕಿನ ಆ ಊರಿಗೆ, 1907ರಲ್ಲಿ ಮುಗಿದ ಮಾರಿಕಣಿವೆ ಅಣೆಕಟ್ಟಿನ ಕಾಲುವೆ ಬರಲಿಲ್ಲ, ಬಾವಿಯೇ ಗತಿ. ಎತ್ತುಗಳು ಇಳಿಜಾರಿನಲ್ಲಿ ಇಳಿದಂತೆ ತೊಗಲಿನ ಬಾನಿ ತುಂಬಿ ಮೇಲೇರುತ್ತಿತ್ತು. ಅದರ ತಳಕ್ಕೆ ಹೊಲಿದಿದ್ದ ತೊಗಲಿನ ಸೊಂಡಿಲನ್ನು ಸಣ್ಣ ಹಗ್ಗವೊಂದು ಮೇಲ್ಮುಖವಾಗಿ ಮಡಿಸಿ ಹಿಡಿದಿರುತ್ತಿತ್ತು; ಆದುದರಿಂದ ನೀರು ಹರಿದುಹೋಗುತ್ತಿರಲಿಲ್ಲ. ದಂಡೆಗೆ ಬಂದೊಡನೆ ಸಣ್ಣ ಹಗ್ಗ ಸೊಂಡಿಲನ್ನು ತೊಟ್ಟಿಯ ಕಡೆಗೆಳೆಯುವುದು, ದೊಡ್ಡ ಹಗ್ಗ ಬಾನಿಯನ್ನು ಇನ್ನೂ ಮೇಲೆತ್ತುವುದು. ಮಡಿಕೆ ಬಿಚ್ಚಿ ನೀರು ತಾನಾಗಿ ಸುರಿಯುವುದು. ಬಾನಿಯನ್ನು ಮಗುಚಲು ಇನ್ನೊಬ್ಬ ಆಳು ಬೇಕಿರಲಿಲ್ಲ. ತೊಗಲು ಬಾಗಬೇಕು, ಹಗ್ಗ ಹಿಗ್ಗಬಾರದು. ಹುಡುಗ ಎರಡು ದಿನ ಹೆಣಗಿ ಕಂಡುಕೊಂಡ ಸೂತ್ರವೂ ಇದೇ ಅಲ್ಲವೆ?

ಕಪಿಲೆ ರೋಬಾಟ್ ಅಲ್ಲವೆಂದು ತಿಳಿದವರು ಆಕ್ಷೇಪಿಸಬಹುದು. ನಿಜ, ಅದನ್ನು ನಡೆಸುವ ಬುದ್ಧಿ ಎತ್ತು ಹೊಡೆಯುವವನದು. ಆದರೆ ಬುದ್ಧಿಯ ಕೆಲಸದ ಒಂದು ಪಾಲನ್ನು ವಸ್ತುವಿನ ಗುಣಕ್ಕೇ ಒಪ್ಪಿಸುವುದು ಇಂದಿನ ಮೃದುಯಂತ್ರಗಳ ಮರ್ಮ. ಆ ಮರ್ಮವನ್ನು ಅರಿತಿದ್ದವರು ನಮ್ಮ ಊರಿನಲ್ಲೇ ಇದ್ದರು.

ಎಲ್ಲಿದ್ದರು? ಊರ ಹೊರಗೆ. ಹಸಿಯ ತೊಗಲನ್ನು ಹದಮಾಡಿ, ಎಲ್ಲಿ ಎಷ್ಟು ಬಾಗಬೇಕೆಂದು ಬೆರಳಿನಿಂದಲೇ ಅಳೆದು ನಮ್ಮ ಬಾನಿಯನ್ನು ಹೊಲಿದುಕೊಡುತ್ತಿದ್ದ ಹಿರಿಯರು ನಮ್ಮ ಅಂಗಳದ ಆಚೆಗೇ ಕುಳಿತುಕೊಳ್ಳುತ್ತಿದ್ದರು. ಅವರು ಹೊಲಿದ ತೊಗಲಿನಲ್ಲಿ ಬಂದ ನೀರಿನಿಂದ ಬೆಳೆದ ರಾಗಿಯನ್ನು ನಾವು ಉಂಡೆವು. ಅವರು ನೀರು ಕೇಳಿದರೆ ಬೊಗಸೆಗೆ ಮೇಲಿನಿಂದ ಸುರಿದೆವು. ಮನೆಯಲ್ಲಿ ಎಲ್ಲರೂ, ಬಾಲಕನಾಗಿದ್ದ ನಾನೂ ಸಹ, ಅವರನ್ನು ಜಾತಿಯಿಂದಲೇ ಏಕವಚನದಲ್ಲಿ ಕೂಗುತ್ತಿದ್ದೆವು. ಅವರ ಹೆಸರು ನನಗೆ ಇಂದಿಗೂ ತಿಳಿಯದು. ಮೆಕಿಬೆನ್ನನ ಹೆಸರನ್ನು ನಾನು ಎರಡೇ ದಿನದಲ್ಲಿ ಕಲಿತೆ.

ಕಪಿಲೆ ಮರಳಿ ಬರಲೆಂದು ನಾನು ಹೇಳುತ್ತಿಲ್ಲ. ಅದು ಎತ್ತಿಗೂ ಆಳಿಗೂ ಹಿಂಸೆಯ ದುಡಿಮೆಯಾಗಿತ್ತು. ಪಂಪುಸೆಟ್ಟು ಬಂದುದು ಒಳ್ಳೆಯದೇ ಆಯಿತು. ತೊಗಲಿನ ಕೆಲಸದವರ ಮಕ್ಕಳು ಅದೇ ಕಸಬಿಗೆ ಅಂಟಿಕೊಳ್ಳಲಿ ಎಂದೂ ನನ್ನ ಇಚ್ಛೆಯಲ್ಲ. ಅವರು ಪ್ರಯೋಗಶಾಲೆಗಳಲ್ಲಿ ವಿಜ್ಞಾನಿಗಳಾಗಿ ಕುಳಿತುಕೊಳ್ಳಬೇಕು. ನನ್ನ ವಾದ ಇಷ್ಟೆ: ತೊಗಲು, ನಾರು, ನೂಲುಗಳ ಗುಣವನ್ನು ಕೈಯಿಂದ ಬಲ್ಲವರನ್ನು ನಮ್ಮ ಕಾಲೇಜುಗಳು ಗುರುಗಳೆಂದು ಕರೆಯಬೇಕು. ಚಳ್ಳಕೆರೆ ತಾಲ್ಲೂಕಿನ ಕುದಾಪುರದಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಯ ಆವರಣವಿದೆ. ಅಲ್ಲಿ ಅಧ್ಯಾಪಕರಿಗೆ ತರಬೇತಿಯೂ ನಡೆದಿದೆ. ಅಂಥ ಕಡೆ ನಾರಿನ ಹಗ್ಗ ಹೊಸೆಯುವವರೊಬ್ಬರು, ತೊಗಲು ಹೊಲಿಯುವವರೊಬ್ಬರು ಸಂಭಾವನೆ ಪಡೆದು, ಕುರ್ಚಿಯ ಮೇಲೆ ಕುಳಿತು ಪಾಠ ಹೇಳಿದರೆ ವಿಜ್ಞಾನಕ್ಕೆ ಲಾಭವೇ ಹೊರತು ನಷ್ಟವಿಲ್ಲ.

ಹೀಗೆಂದು ಹುಡುಗನಿಗೆ ಹೇಳಿದೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, "ಅವರ ಮನೆಯವರು ಯಾರಾದರೂ ಆ ಊರಿನಲ್ಲಿ ಇದ್ದಾರೆಯೇ ಮಾವ?" ಎಂದು ಕೇಳಿದ. ಬರುವ ಭಾನುವಾರ ಇಬ್ಬರೂ ಹಿರಿಯೂರಿನ ಬಸ್ಸು ಹತ್ತಲಿದ್ದೇವೆ. ಮೊದಲು ಅವರ ಹೆಸರನ್ನು ಕೇಳಿ ತಿಳಿಯಬೇಕು.