ಗೊಂಬೆ ಕೂಡಿಸುವ ಸೋದರಿಯರಿಗೆ ಒಂದು ಮಾತು

ತುಮಕೂರು, ಗುಬ್ಬಿ, ಕುಣಿಗಲುಗಳಲ್ಲಿ ಸಂಸಾರ ಹೂಡಿರುವ ನಮ್ಮ ಹಳೆಯ ವಿದ್ಯಾರ್ಥಿನಿಯರ ಮನೆಗಳಲ್ಲಿ ದಸರೆಯ ಗೊಂಬೆಗಳನ್ನೂ ಕ್ರಿಸ್ಮಸಿನ ಗೋದಲಿಯನ್ನೂ ಕಂಡು ಸಂತೋಷಪಟ್ಟಿದ್ದೇವೆ. ಆದರೆ ಇವನ್ನು ಮಾಡಿದವರಾರೆಂದು ಕೇಳಿದರೆ ಅಂಗಡಿಯ ಹೆಸರಲ್ಲದೆ ಬೇರೆ ಉತ್ತರವು ದೊರೆಯುವುದಿಲ್ಲ. ಈ ತಪ್ಪು ನಮ್ಮದೂ ಹೌದು. ನಮ್ಮ ತಾಯಂದಿರ ಪಟ್ಟದ ಗೊಂಬೆಗಳನ್ನು ಕೆತ್ತಿದ ಕೈ ಯಾರದೆಂಬುದನ್ನು ನಾವು ಕೇಳಿಡಲಿಲ್ಲ, ಈಗ ಹೇಳುವವರಿಲ್ಲ.

ಹೊಸದಾಗಿ ಗೊಂಬೆ ಕೂಡಿಸುವವರು ಸಂಖ್ಯೆಗೆ ಆಸೆಪಡಬಾರದೆಂದು ನಮ್ಮ ಅಭಿಪ್ರಾಯ. ವರುಷಕ್ಕೊಂದು ಸಾಕು. ಕುಣಿಗಲಿನಿಂದ ಹುಲಿಯೂರುದುರ್ಗ, ಮದ್ದೂರುಗಳ ಮಾರ್ಗವಾಗಿ ಚನ್ನಪಟ್ಟಣಕ್ಕೆ ಹೋಗಿ, ಕಡೆಯುವ ಯಂತ್ರದಲ್ಲಿ ತಿರುಗುತ್ತಿರುವ ಹಾಲೆ ಮರಕ್ಕೆ ಬಣ್ಣದ ಅರಗಿನ ಕಡ್ಡಿಯನ್ನು ಒತ್ತಿದೊಡನೆ, ಉಜ್ಜಿಕೆಯ ಕಾವಿಗೆ ಅದು ಕರಗಿ ಮರಕ್ಕೆ ಹತ್ತುವುದನ್ನು ಒಮ್ಮೆ ನೋಡಬೇಕು. ನೋಡಿದ ಬಳಿಕ ಚೌಕಾಶಿಗೆ ನಾಲಗೆಯು ಏಳದು. ೨೦೦೫-೦೬ರಲ್ಲಿ ಆ ಗೊಂಬೆಗಳಿಗೆ ಭೌಗೋಳಿಕ ಸೂಚಕದ ಮನ್ನಣೆಯು ದೊರೆತು ಊರಿನ ಹೆಸರಿಗೆ ರಕ್ಷಣೆಯಾಯಿತು. ಕುಶಲಕರ್ಮಿಯ ಹೆಸರನ್ನು ಕಾಪಾಡಬೇಕಾದವರು ಕೊಳ್ಳುವ ನಾವೇ. ಆದುದರಿಂದ ಗೊಂಬೆಯ ಅಡಿಯಲ್ಲಿ ಮಾಡಿದವರ ಹೆಸರನ್ನೂ ವರುಷವನ್ನೂ ಬರೆದಿಡಿರಿ. ಮಗಳಿಗೆ ಕೊಡುವಾಗ ಆ ಹೆಸರೂ ಜೊತೆಯಲ್ಲಿ ಹೋಗಲಿ.