ಷರೀಫರಿಗೆ ಗಿಟಾರು ಸಲ್ಲದೆ?

ಈ ವರ್ಷ ನಮ್ಮ ಕಾಲೇಜಿನ ಜನಪದ ಗೀತಗಾಯನ ಸ್ಪರ್ಧೆಯಲ್ಲಿ ಮಳವಳ್ಳಿ ಕಡೆಯ ಮಿತ್ರನೊಬ್ಬ ಗಿಟಾರು ಹಿಡಿದು ಶಿಶುನಾಳ ಷರೀಫರ ಸೋರುವ ಮಾಳಿಗೆಯ ಪದವನ್ನು ಹಾಡಿದನು. ಸಭಾಂಗಣದ ಹಿಂದಿನ ಸಾಲುಗಳೆಲ್ಲ ಎದ್ದು ನಿಂತವು. ಬಹುಮಾನ ಮಾತ್ರ ಬರಲಿಲ್ಲ. ‘ಮೂಲ ಧಾಟಿ’ಗೆಂದು ಇಟ್ಟಿದ್ದ ಅಂಕಗಳಲ್ಲಿ ಅವನಿಗೆ ಸೊನ್ನೆ. ತೀರ್ಪುಗಾರರ ಮೇಲೆ ನನಗೆ ಮುನಿಸಿಲ್ಲ. ಅವರು ನಿಯಮದಂತೆ ನಡೆದರು. ನನ್ನ ಆಕ್ಷೇಪಣೆ ಇರುವುದು ನಿಯಮದ ಮೇಲೆ.

ಆ ಮಿತ್ರನು ಹಾಡಿದ ಧಾಟಿ ಅವನದಲ್ಲ. ಮೈಸೂರಿನಲ್ಲಿ ಬೆಳೆದ ರಘು ದೀಕ್ಷಿತರದು. ಅವರ ಮೊದಲನೆಯ ಆಲ್ಬಂ 2008ರಲ್ಲಿ ಹೊರಬಂದಿತು. ಹೊರತಂದವರು ಮುಂಬಯಿಯ ಚಲನಚಿತ್ರ ಸಂಗೀತಗಾರರಾದ ವಿಶಾಲ್-ಶೇಖರ್. ಅದರಲ್ಲಿ ಹಿಂದಿಯ ಹಾಡುಗಳುಂಟು, ಇಂಗ್ಲಿಷಿನದೂ ಉಂಟು. ಕನ್ನಡದವು ಎರಡೇ, ಎರಡೂ ಷರೀಫರವು. ಒಂದು ಗುಡುಗುಡಿಯ ಪದ, ಇನ್ನೊಂದು ಮಾಳಿಗೆಯ ಪದ. ಲುಂಗಿಯುಟ್ಟು, ಕಾಲಿಗೆ ಗೆಜ್ಜೆ ಕಟ್ಟಿ, ಗಿಟಾರು ಪಿಟೀಲು ಡ್ರಮ್ಮುಗಳ ನಡುವೆ ನಿಂತು ಹಾಡುವ ಈ ತಂಡ 2010ರಲ್ಲಿ ಬಿ.ಬಿ.ಸಿ.ಯ ಜೂಲ್ಸ್ ಹಾಲೆಂಡ್ ಕಾರ್ಯಕ್ರಮಕ್ಕೂ ಹೋಗಿ ಬಂದಿತು. ಲಂಡನ್ನಿನವರು ತಲೆದೂಗಿದ ಮೇಲೆ ನಾವೂ ತಲೆದೂಗಿದೆವು ಎಂಬುದು ನಮ್ಮ ಹಳೆಯ ಚಾಳಿ. ಅದನ್ನು ಇಲ್ಲಿ ಬೆಳೆಸುವುದಿಲ್ಲ.

ಹೀಗೆ ಮಾಡಿದವರಲ್ಲಿ ಅವರೇ ಮೊದಲಿಗರೂ ಅಲ್ಲ. ಅಮೆರಿಕದ ದಕ್ಷಿಣ ಸೀಮೆಯಲ್ಲಿ, ಜಾರ್ಜಿಯ ಮತ್ತು ಫ್ಲಾರಿಡಾ ಕಡೆ, ಆಲ್ಮನ್ ಬ್ರದರ್ಸ್, ಲೆನರ್ಡ್ ಸ್ಕಿನರ್ಡ್ ಮೊದಲಾದ ತಂಡಗಳು 1970ರ ಆಸುಪಾಸಿನಲ್ಲಿ ತಮ್ಮ ಸೀಮೆಯ ಬ್ಲೂಸ್ ಹಾಡನ್ನೂ ಹಳ್ಳಿಯ ಹಾಡನ್ನೂ ರಾಕ್ ಸಂಗೀತದೊಳಗೆ ತಂದುವು. ಅವನ್ನು ಕೇಳಿದ ಪಟ್ಟಣದ ಹುಡುಗರು ಹಿಂದಿರುಗಿ ಹಳೆಯ ಹಾಡುಗಾರರನ್ನು ಹುಡುಕಿದರು.

ಇನ್ನು ‘ಮೂಲ ಧಾಟಿ’ಯ ಮಾತು. ನಮ್ಮ ಹಿರಿಯರು ಷರೀಫರ ಪದವೆಂದೊಡನೆ ಗುನುಗುವ ಧಾಟಿ ಬಹುಮಟ್ಟಿಗೆ ಸಿ. ಅಶ್ವಥ್ ಅವರದು. ಕ್ಯಾಸೆಟ್ಟುಗಳಿಂದಲೂ, ನಾಗಾಭರಣರು ನಿರ್ದೇಶಿಸಿದ 1990ರ ‘ಸಂತ ಶಿಶುನಾಳ ಷರೀಫ’ ಚಿತ್ರದಿಂದಲೂ ಅದು ಮನೆಮನೆಗೆ ಬಂದಿತು. ಅಶ್ವಥ್ ಅವರ ಕಂಠಕ್ಕೆ ನಾನೂ ಸೋತವನೇ. ಆದರೆ ಷರೀಫರು ತೀರಿಕೊಂಡದ್ದು 1889ರಲ್ಲಿ. ಅವರ ದನಿ ಯಾವ ತಟ್ಟೆಯಲ್ಲಿಯೂ ಮುದ್ರಿತವಾಗಿಲ್ಲ. ಅವರ ಪದಗಳು ಧಾರವಾಡ ಸೀಮೆಯ ಭಜನೆಯವರ ಬಾಯಲ್ಲಿ, ಏಕತಾರಿಯ ಜೊತೆಯಲ್ಲಿ, ಊರಿಗೊಂದು ರೀತಿಯಾಗಿ ಬದುಕಿದವು. ನೂರು ವರ್ಷದ ಮೇಲೆ ಹಾರ್ಮೋನಿಯಂ ತಬಲಗಳೊಡನೆ ಕಟ್ಟಿದ್ದು ಮೂಲವಾಗುವುದಾದರೆ, ಹದಿನೆಂಟು ವರ್ಷ ಕಳೆದು ಗಿಟಾರಿಗೆ ಕಟ್ಟಿದ್ದು ಅಪಚಾರವಾಗುವುದು ಹೇಗೆ?

ದೂರ ಹೋಗುವುದೇಕೆ? ಮಳವಳ್ಳಿ ತಾಲ್ಲೂಕಿನ ಬೊಪ್ಪೇಗೌಡನಪುರ ಮಂಟೇಸ್ವಾಮಿಯ ನೆಲೆ. ಆ ಒಕ್ಕಲಿನ ನೀಲಗಾರರು ತಂಬೂರಿ ಮೀಟುತ್ತ, ಗಗ್ಗರ ಆಡಿಸುತ್ತ ರಾತ್ರಿಯೆಲ್ಲ ಕತೆ ಹಾಡುತ್ತಾರೆ. ಕಳೆದ ಚಿಕ್ಕಲ್ಲೂರು ಜಾತ್ರೆಯಲ್ಲಿ ಒಂದೇ ಕತೆಯನ್ನು ಎರಡು ಮೇಳದವರಿಂದ ಕೇಳಿದೆ. ಒಬ್ಬರ ಮಟ್ಟು ಇನ್ನೊಬ್ಬರದಲ್ಲ. ಯಾವುದು ಸರಿಯೆಂದು ಪಕ್ಕದಲ್ಲಿ ಕುಳಿತಿದ್ದ ಮುದುಕರನ್ನು ಕೇಳಿದೆ. “ಅವರ ಗುರು ಅವರಿಗೆ, ಇವರ ಗುರು ಇವರಿಗೆ, ಸುಮ್ಗೆ ಕೇಳಪ್ಪ” ಎಂದರು. ಅವರ ಕೈಗೆ ನಮ್ಮ ಅಂಕಪಟ್ಟಿ ಕೊಟ್ಟರೆ ಏನು ಮಾಡುತ್ತಿದ್ದರೋ!

ಎದುರು ಪಕ್ಷದ ಮಾತಿನಲ್ಲಿ ಒಂದು ಸತ್ಯವುಂಟು, ಅದನ್ನು ಮುಚ್ಚಿಡಲಾರೆ. ಗುಡುಗುಡಿಯ ಪದ ಬಂದಾಗ ನಾವು ಕುಣಿಯುತ್ತೇವೆ. ಕುಣಿದವರಲ್ಲಿ ಐವರನ್ನು ಮಾರನೆಯ ದಿನ ಮದ್ದೂರಿನ ರೈಲಿನಲ್ಲಿ ಹಿಡಿದು ಕೇಳಿದೆ, ಗುಡುಗುಡಿ ಎಂದರೇನೆಂದು. ಇಬ್ಬರು ಗುಡುಗು ಎಂದರು, ಒಬ್ಬ ಯಾವುದೋ ಆಟ ಎಂದ! ಅದು ಹುಕ್ಕ, ಈ ದೇಹವೇ ಆ ಹುಕ್ಕ, ಒಳಗಿನ ಕೆಟ್ಟದ್ದನ್ನೆಲ್ಲ ಸುಟ್ಟು ಸೇದು ಎನ್ನುತ್ತಾರೆ ಷರೀಫರು ಎಂದಾಗ, ರೈಲು ಮಂಡ್ಯ ಮುಟ್ಟುವವರೆಗೂ ಒಬ್ಬನೂ ಮಾತನಾಡಲಿಲ್ಲ. ಡ್ರಮ್ಮಿನ ಅಬ್ಬರದಲ್ಲಿ ಮಾತು ಮುಳುಗುವುದು ನಿಜ. ಆದರೆ ಆ ಡ್ರಮ್ಮಿಲ್ಲದಿದ್ದರೆ ಈ ಐವರ ಕಿವಿಗೆ ಷರೀಫರ ಹೆಸರಾದರೂ ಬೀಳುತ್ತಿತ್ತೆ? ನಾನೇ ಆ ಪದವನ್ನು ಮೊದಲು ಕೇಳಿದ್ದು ಮೊಬೈಲಿನಲ್ಲಿ, ಗಿಟಾರಿನ ಜೊತೆಗೆ. ಷರೀಫರ ಪದಗಳ ಪುಸ್ತಕವನ್ನು ಗ್ರಂಥಾಲಯದಿಂದ ಎರವಲು ತಂದದ್ದು ಆಮೇಲೆ. ನನಗಿಂತ ಮುಂಚೆ ಅದನ್ನು ಯಾರಾದರೂ ಒಯ್ದದ್ದು ಯಾವಾಗಲೋ, ಚೀಟಿಯ ಮೇಲಿನ ಶಾಯಿ ಮಾಸಿಹೋಗಿತ್ತು.

ಆದುದರಿಂದ ಅಧ್ಯಾಪಕರಲ್ಲಿ ನನ್ನ ಬಿನ್ನಹ: ಧಾಟಿಗೆ ಇಟ್ಟ ಅಂಕಗಳನ್ನು ಅರ್ಥಕ್ಕೆ ಇಡಿ. ಹಾಡಿದವನನ್ನು ವೇದಿಕೆಯಿಂದ ಇಳಿಯುವ ಮೊದಲು, ಮಾಳಿಗೆ ಸೋರುವುದೆಂದರೇನು, ಅದನ್ನು ಹತ್ತಿ ಸರಿಪಡಿಸುವವರು ಏಕಿಲ್ಲ ಎಂದು ಕೇಳಿ. ಉತ್ತರಿಸದವನಿಗೆ, ಧಾಟಿ ಎಷ್ಟೇ ಹಳೆಯದಿರಲಿ, ಸೊನ್ನೆ ಹಾಕಿ.

ನಮ್ಮ ಮಳವಳ್ಳಿಯ ಮಿತ್ರನು ಈಗ ಬೊಪ್ಪೇಗೌಡನಪುರದ ನೀಲಗಾರರೊಬ್ಬರ ಮನೆಗೆ ಭಾನುವಾರ ಭಾನುವಾರ ಹೋಗುತ್ತಿದ್ದಾನೆ. ಗಿಟಾರನ್ನೂ ಒಯ್ಯುತ್ತಾನೆ. ಮೊದಲ ದಿನ ಅವರು ಅದನ್ನು ತಿರುಗಿಸಿ ನೋಡಿ, “ತಂತಿ ಜಾಸ್ತಿ ಆಯ್ತಲ್ಲೋ ಮಗ” ಎಂದರಂತೆ. ಮುಂದಿನ ವರ್ಷದ ಸ್ಪರ್ಧೆಗೆ ಅವನು ಈಗಲೇ ಹೆಸರು ಕೊಟ್ಟಿದ್ದಾನೆ.