ರೊಕ್ಕದ ಮೇಲಿನ ಮುಖ



ಮೊನ್ನೆ ನಾವು ಹಾಸ್ಟೆಲಿನ ನಾಲ್ಕು ಮಂದಿ ಬನಹಟ್ಟಿಯ ಒಂದು ಕಿರಾಣಿ ಅಂಗಡಿಗೆ ಹೋಗಿದ್ದೆವು. ಸೋಪು ತಗೊಂಡು ಹತ್ತು ರೂಪಾಯಿಯ ನಾಣ್ಯ ಕೊಟ್ಟರೆ ಅಂಗಡಿಯವ ಬೆರಳಿನಿಂದ ಹಿಂದಕ್ಕೆ ದೂಡಿದ. "ಇದು ನಡ್ಯಾಂಗಿಲ್ಲ, ನೋಟ್ ಕೊಡ್ರಿ" ಅಂದ. ತಿರುವಿ ನೋಡಿದರೆ ಅದರ ಮೇಲೆ ಬಾಬಾಸಾಹೇಬರ ಮುಖ. 125ನೇ ಜಯಂತಿ ಅಂತ 2015ರಲ್ಲಿ ಸರಕಾರ ಹೊರಡಿಸಿದ ನಾಣ್ಯ ಅದು. ನಮ್ಮಲ್ಲೊಬ್ಬನಿಗೆ ಸಿಟ್ಟು ನೆತ್ತಿಗೇರಿತು. ಆದರೆ ಖರೇ ಹೇಳಬೇಕಂದ್ರ, ಆ ಮನುಷ್ಯ ಮುಖ ನೋಡಿರಲೇ ಇಲ್ಲ. ಹತ್ತರ ನಾಣ್ಯ ಯಾವುದಿದ್ದರೂ ಅವನಿಗೆ ಬ್ಯಾಡ. ಹತ್ತರ ನಾಣ್ಯ ಖೊಟ್ಟಿ ಅನ್ನುವ ಗಾಳಿಸುದ್ದಿ ನಮ್ಮ ಕಡೆ ಹಬ್ಬಿ ವರ್ಷಗಳಾದವು.

ರಾತ್ರಿ ಹಾಸ್ಟೆಲಿನಲ್ಲಿ ಇದರದೇ ಮಾತು. ರೊಕ್ಕದ ಮ್ಯಾಲೆ ಮುಖ ಯಾಕ ಹಾಕತಾರ? ಯಾರಿಗೆ ತೋರಸಾಕ? ಮಾತು ಬೆಳೆದು ರೋಮಿನ ತನಕ ಹೋಯಿತು. ಎಲ್ಲಿಯ ರೋಮು, ಎಲ್ಲಿಯ ಬನಹಟ್ಟಿ ಅಂತ ನಗಬೇಡಿ. ರೋಮಿನ ಬೆಳ್ಳಿ ನಮ್ಮ ನೆಲದಲ್ಲೇ ಸಿಕ್ಕಿದೆ. ಯಶವಂತಪುರದಲ್ಲಿ 1891ರಲ್ಲಿ ಸಿಕ್ಕಿತು, ಬೆಂಗಳೂರಿನ ಎಚ್.ಎ.ಎಲ್. ಹತ್ತಿರ ಸಿಕ್ಕಿತು, ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಅಗೆದವರಿಗೆ ಸಿಕ್ಕಿತು. ಮೆಣಸು, ಅರಿವೆ, ಮುತ್ತು ಕೊಂಡವರು ಕೊಟ್ಟುಹೋದ ರೊಕ್ಕ.

ಆ ರೊಕ್ಕದ ಮೇಲೆ ಏನಿತ್ತು? ಚಕ್ರವರ್ತಿಯ ತಲೆ, ಸುತ್ತ ಅವನ ಬಿರುದು. ಅಗಸ್ಟಸನ ನಾಣ್ಯ ಅವನನ್ನು "ದೇವರ ಮಗ" ಅನ್ನುತ್ತದೆ. ಅವನ ಸಾಕುತಂದೆ ಜೂಲಿಯಸ್ ಸೀಜರನನ್ನು ಸತ್ತ ಮೇಲೆ ದೇವರು ಅಂತ ಸಾರಿದ್ದರು. ಅಪ್ಪ ದೇವರಾದ ಮೇಲೆ ಮಗ ದೇವರ ಮಗನೇ ತಾನೆ. ಅವನ ನಂತರ ಬಂದ ಟೈಬೀರಿಯಸನೂ ಅದನ್ನೇ ಹೊಡೆಸಿಕೊಂಡ. ಹುಟ್ಟಿನಿಂದ ದೊಡ್ಡವರಾಗುವ ಈ ಲೆಕ್ಕ ನಮಗೆ ಹೊಸದಲ್ಲ. ನಮ್ಮಲ್ಲಿ ಅದನ್ನು ಪುರಾಣದಲ್ಲಿ ಬರೆದರು, ಅವರು ಬೆಳ್ಳಿಯ ಮೇಲೆ ಬರೆದರು.

ಆಗ ಪೇಪರಿಲ್ಲ, ರೇಡಿಯೋ ಇಲ್ಲ. ಬಹಳ ಮಂದಿಗೆ ಓದಲು ಬರುತ್ತಿರಲಿಲ್ಲ. ಆದರೆ ಸಿಪಾಯಿಗೆ ಪಗಾರ ರೊಕ್ಕದಲ್ಲಿ ಬರುತ್ತಿತ್ತು, ಸಂತೆಯಲ್ಲಿ ಕಾಳು ರೊಕ್ಕಕ್ಕೆ ಸಿಗುತ್ತಿತ್ತು. ಕೈಯಿಂದ ಕೈಗೆ ಹೋಗುವ ಕರಪತ್ರ ಅದು. ಈಜಿಪ್ಟನ್ನು ಹಿಡಿದಾಗ ಅಗಸ್ಟಸ್ ಮೊಸಳೆಯ ಚಿತ್ರ ಹಾಕಿಸಿ "ಈಜಿಪ್ಟ್ ಸೆರೆ" ಅಂತ ಬರೆಸಿದ. ಕ್ರಿ.ಶ. 70ರಲ್ಲಿ ಜೆರೂಸಲೇಮನ್ನು ಸುಟ್ಟ ಮೇಲೆ ವೆಸ್ಪೇಸಿಯನ್ ಹೊಡೆಸಿದ ನಾಣ್ಯದಲ್ಲಿ ಖರ್ಜೂರದ ಮರದ ಕೆಳಗೆ ಒಬ್ಬ ಹೆಂಗಸು ತಲೆಗೆ ಕೈ ಹೊತ್ತು ಕೂತಿದ್ದಾಳೆ. ಬರೆದದ್ದು "ಜುದೇಯ ಸೆರೆ". ಸೋತವರ ಅಳುವನ್ನು ಅಚ್ಚು ಹಾಕಿ, ಸೋತವರ ಕೈಯಲ್ಲೇ ಅದನ್ನು ಓಡಾಡಿಸಿದರು. ಇದಕ್ಕಿಂತ ದೊಡ್ಡ ಅವಮಾನ ಏನಿದೆ?

ಇನ್ನೊಂದು ನಾಣ್ಯ ನಮಗೆ ಬಹಳ ಹಿಡಿಸಿತು, ಸಿಟ್ಟೂ ಬರಿಸಿತು. ಬದುಕಿರುವಾಗಲೇ ರೋಮಿನ ನಾಣ್ಯದ ಮೇಲೆ ತನ್ನ ಮುಖ ಹಾಕಿಸಿಕೊಂಡವನು ಸೀಜರ್, ಕ್ರಿ.ಪೂ. 44ರಲ್ಲಿ. ಅದೇ ವರ್ಷ ಮಾರ್ಚಿನಲ್ಲಿ ಅವನನ್ನು ಕೊಂದರು. ಕೊಂದವರಲ್ಲಿ ಒಬ್ಬನಾದ ಬ್ರೂಟಸ್ ತಾನೂ ನಾಣ್ಯ ಹೊಡೆಸಿದ. ಒಂದು ಕಡೆ ಎರಡು ಚೂರಿ, ನಡುವೆ ಒಂದು ಟೋಪಿ. ಅದು ಬಿಡುಗಡೆಯಾದ ಗುಲಾಮ ಹಾಕಿಕೊಳ್ಳುವ ಟೋಪಿ! ಇನ್ನೊಂದು ಕಡೆ? ಬ್ರೂಟಸನದೇ ಮುಖ. ದೊರೆಯಾಗಲು ಹೊರಟವನನ್ನು ಕೊಂದೆ ಅಂದವನು ತಾನೇ ದೊರೆಯ ಜಾಗದಲ್ಲಿ ಕೂತ. ಗುಲಾಮನ ಟೋಪಿ ಕಡ ತಂದರು. ಗುಲಾಮರೇನು ಬಿಡುಗಡೆಯಾದರೆ? ಒಡೆಯರ ಒಡೆಯರ ಜಗಳ ಅದು. ಇಂಥ ಟೋಪಿ ನಮಗೂ ಬೇಕಾದಷ್ಟು ಸಲ ಹಾಕಿದ್ದಾರೆ.

ಮತ್ತ ಸುಳ್ಳು. ನೀರೋ ಕ್ರಿ.ಶ. 64ರ ಹೊತ್ತಿಗೆ ನಾಣ್ಯದ ಬೆಳ್ಳಿಗೆ ಕತ್ತರಿ ಹಾಕಿದ. ಮುಂದಿನವರು ಕತ್ತರಿಸುತ್ತಲೇ ಹೋಗಿ 270ರ ಸುಮಾರಿಗೆ ನೂರಕ್ಕೆ ಐದು ಪಾಲೂ ಬೆಳ್ಳಿ ಉಳಿಯಲಿಲ್ಲ. ತಾಮ್ರಕ್ಕೆ ಬೆಳ್ಳಿಯ ಕಲಾಯಿ. ಆದರೆ ಬರಹ ನೋಡಿ: "ಶಾಂತಿ", "ಸಮೃದ್ಧಿ", "ಸಿಪಾಯಿಗಳ ನಿಷ್ಠೆ". ಅದೇ ಸಿಪಾಯಿಗಳು ವರ್ಷಕ್ಕೊಬ್ಬ ಚಕ್ರವರ್ತಿಯನ್ನು ಕಡಿಯುತ್ತಿದ್ದ ಕಾಲ ಅದು.

ಜನ ಸುಮ್ಮನೆ ಕೂತಿದ್ದರು ಅಂತ ತಿಳೀಬ್ಯಾಡ್ರಿ. ಕ್ರಿ.ಶ. 132ರಲ್ಲಿ ಬಾರ್ ಕೋಖ್ಬಾ ಅನ್ನುವವನ ಕೆಳಗೆ ಯೆಹೂದಿಗಳು ಬಂಡೆದ್ದಾಗ ರೋಮಿನ ನಾಣ್ಯಗಳನ್ನೇ ತಗೊಂಡು, ಚಕ್ರವರ್ತಿಯ ಮುಖದ ಮೇಲೆ ತಮ್ಮ ಅಚ್ಚು ಬಡಿದರು. "ಜೆರೂಸಲೇಮಿನ ಬಿಡುಗಡೆಗಾಗಿ" ಅಂತ ಬರೆದರು. ಮೂರೂವರೆ ವರ್ಷ ನಡೆಯಿತು, ರೋಮು ಅದನ್ನು ರಕ್ತದಲ್ಲಿ ಮುಳುಗಿಸಿತು. ಆ ನಾಣ್ಯಗಳು ಉಳಿದಿವೆ. ಕೆಲವದರಲ್ಲಿ ಹೊಸ ಅಕ್ಷರದ ಕೆಳಗೆ ಹಳೇ ಚಕ್ರವರ್ತಿಯ ಮೂಗು ಇನ್ನೂ ಕಾಣುತ್ತದೆ. ನಮ್ಮ ದಕ್ಷಿಣದಲ್ಲೂ ಸಿಕ್ಕ ಎಷ್ಟೋ ರೋಮಿನ ಚಿನ್ನದ ನಾಣ್ಯಗಳಲ್ಲಿ ಚಕ್ರವರ್ತಿಯ ಮುಖಕ್ಕೆ ಅಡ್ಡ ಉಳಿಯ ಗಾಯ ಇದೆ. ಬೇರೆ ಕಡೆ ಟೈಬೀರಿಯಸನ ನಾಣ್ಯದ ಹಾಗೆ ಮಣ್ಣಿನ ಬಿಲ್ಲೆ ಮಾಡಿ, ದಾರ ಪೋಣಿಸಿ ಕೊರಳಿಗೆ ಹಾಕಿಕೊಂಡರು. ಅಲ್ಲಿ ದೇವರ ಮಗ, ಇಲ್ಲಿ ಕೊರಳ ಬಿಲ್ಲೆ.

ನಮ್ಮ ಅಜ್ಜಿಯಂದಿರೂ ಮಾಡಿದ್ದು ಅದನ್ನೇ. ರಾಣಿ ಛಾಪಿನ ರೂಪಾಯಿಗೆ ಕೊಂಡಿ ಹಚ್ಚಿ ಸರ ಮಾಡಿಸಿಕೊಂಡವರು ಈ ಭಾಗದಲ್ಲಿ ಕಡಿಮೆ ಇಲ್ಲ. ಆ ರೂಪಾಯಿ ಕೈಗೆ ಸಿಕ್ಕರೆ ಇಸವಿ ನೋಡಿ. 1876ರ ತನಕ "ವಿಕ್ಟೋರಿಯಾ ಕ್ವೀನ್", 1877ರಿಂದ "ವಿಕ್ಟೋರಿಯಾ ಎಂಪ್ರೆಸ್". 1877ರ ಜನವರಿ 1ರಂದು ದಿಲ್ಲಿಯಲ್ಲಿ ದರ್ಬಾರು ಮಾಡಿ ಅವಳನ್ನು ಚಕ್ರವರ್ತಿನಿ ಅಂತ ಸಾರಿದರು. ಅದೇ ಹೊತ್ತಿಗೆ ನಮ್ಮ ಪಕ್ಕದ ಕಲಾದಗಿ ಜಿಲ್ಲೆಯಲ್ಲಿ ಧಾತು-ಈಶ್ವರ ಬರ. ಜನ ಹುಳದ ಹಾಗೆ ಸತ್ತರು. ನಾಣ್ಯದ ಮೇಲೆ ಕಿರೀಟ ಬಂತು, ಬರ ಬರಲಿಲ್ಲ.

ಅಂದಹಾಗೆ 1911ರಲ್ಲಿ ಒಂದು ತಮಾಷೆ ಆಯಿತು. ಐದನೇ ಜಾರ್ಜಿನ ಹೊಸ ರೂಪಾಯಿಯಲ್ಲಿ ಅವನ ಎದೆಯ ಪದಕದ ಆನೆ ಹಂದಿಯ ಹಾಗೆ ಕಂಡಿತು. ಗುಲ್ಲೆದ್ದಿತು. ಸರಕಾರ ಗಾಬರಿಯಾಗಿ ನಾಣ್ಯ ವಾಪಸು ತಗೊಂಡು, ಆನೆಯ ಸೊಂಡಿಲು ತಿದ್ದಿ 1912ರಲ್ಲಿ ಬೇರೆ ಹೊಡೆಸಿತು. ಹಂದಿ ಅಂದರೆ ಅಷ್ಟು ಹೇಸಿಕೆ ಪಟ್ಟ ಊರವರು, ಹಂದಿ ಕಾಯುವವನಿಂದ ಅದೇ ರೂಪಾಯಿ ಇಸಕೊಳ್ಳುವಾಗ ಹೇಸಲಿಲ್ಲ. ನೀರು ಚಿಮುಕಿಸಿ ಒಳಗೆ ಇಟ್ಟುಕೊಂಡರು. ರೊಕ್ಕಕ್ಕೆ ಮೈಲಿಗೆ ಇಲ್ಲ, ಕೊಡುವ ಕೈಗೆ ಇದೆ. 1901ರಲ್ಲಿ ಮಸೂರ ಸ್ಟೇಷನ್ನಿನಲ್ಲಿ ಹುಡುಗ ಭೀಮರಾಯನನ್ನೂ ಅವನ ಅಣ್ಣನನ್ನೂ ಕೂರಿಸಿಕೊಂಡು ಗಾಡಿ ಹೊಡೆಯಲು ಗಾಡಿಯವ ಒಪ್ಪಲಿಲ್ಲ. ದುಪ್ಪಟ್ಟು ಬಾಡಿಗೆ ಮಾತ್ರ ತಗೊಂಡ. ಗಾಡಿಯನ್ನು ಮಕ್ಕಳೇ ಹೊಡೆದರು.

ಆ ಹುಡುಗನೇ 1923ರಲ್ಲಿ ಲಂಡನ್ನಿನಲ್ಲಿ "ರೂಪಾಯಿಯ ಸಮಸ್ಯೆ" ಅನ್ನುವ ಪುಸ್ತಕ ಬರೆದದ್ದು. ಅವರು ನಾಣ್ಯದ ಮುಖ ನೋಡಲಿಲ್ಲ. ರೂಪಾಯಿಯನ್ನು ಎಷ್ಟು ಹೊಡೆಸುತ್ತಾರೆ, ಯಾರ ತೀರ್ಮಾನದ ಮೇಲೆ, ಅದರಿಂದ ಬೆಲೆ ಏರಿದರೆ ಪೆಟ್ಟು ಯಾರಿಗೆ ಅಂತ ಕೇಳಿದರು. ಸರಕಾರಕ್ಕೆ ಮನಸ್ಸು ಬಂದಷ್ಟು ಹೊಡೆಸುವ ಸಲಿಗೆ ಬೇಡ ಅಂದರು. ನಮ್ಮ ಹಾಸ್ಟೆಲುಗಳಲ್ಲಿ ಅವರ ಫೋಟೋ ಇಲ್ಲದ ಕೋಣೆ ಇಲ್ಲ, ಈ ಪುಸ್ತಕ ಇರುವ ಕೋಣೆ ನಾವು ಕಂಡಿಲ್ಲ. ನಮ್ಮದರಲ್ಲೂ ಇಲ್ಲ, ನಾಚಿಕೆಯಿಂದಲೇ ಹೇಳತೀವಿ.

ಅವರ ಮುಖ ನಾಣ್ಯಕ್ಕೆ ಬಂದದ್ದು 1990ರಲ್ಲಿ, ಒಂದು ರೂಪಾಯಿಯ ಮೇಲೆ. ಭಾರತರತ್ನ ಬಂದ ವರ್ಷವೂ ಅದೇ, ಮಂಡಲ್ ವರದಿಗೆ ಜೀವ ಬಂದ ವರ್ಷವೂ ಅದೇ. ಅಷ್ಟು ತಡ ಯಾಕೆ, ಆ ವರ್ಷವೇ ಯಾಕೆ ಅಂತ ಕೇಳುವುದು ಬಾಬಾಸಾಹೇಬರಿಗೆ ಅಗೌರವ ಅಲ್ಲ. 2015ರಲ್ಲಿ ಹತ್ತರ ಜೊತೆ 125 ರೂಪಾಯಿಯ ನಾಣ್ಯವನ್ನೂ ಹೊರಡಿಸಿದರು. ಅದು ಸಂತೆಯಲ್ಲಿ ಓಡಾಡುವುದಲ್ಲ, ಸಂಗ್ರಹ ಮಾಡುವವರು ಕೊಂಡು ಡಬ್ಬಿಯಲ್ಲಿ ಇಡುವಂಥದ್ದು. ಅದನ್ನು ತರಿಸಿ ಕಟ್ಟು ಹಾಕಿಸಿ ಪೂಜೆ ಮಾಡೋಣ ಅನ್ನುವ ಗೆಳೆಯರಿದ್ದಾರೆ. ನಮಗೆ ಅದು ಬೇಡ. ಸ್ಕಾಲರ್‌ಶಿಪ್ ತಡವಾದಾಗ ಮೆಸ್ಸಿನವರ ಮುಂದೆ ಆ ಡಬ್ಬಿ ತೆರೆದು ತೋರಿಸಲು ಆದೀತೆ? ನಮಗೆ ಆ ಹತ್ತರ ನಾಣ್ಯವೇ ಸಾಕು. ಅದು ಓಡಾಡಬೇಕು.

ಅದಕ್ಕೇ ಮರುದಿನ ಮತ್ತೆ ಅದೇ ಅಂಗಡಿಗೆ ಹೋದೆವು. ಹತ್ತು ರೂಪಾಯಿಯ 14 ನಮೂನೆಗಳೂ ನಡೆಯುತ್ತವೆ ಅಂತ ರಿಸರ್ವ್ ಬ್ಯಾಂಕು 2018ರ ಜನವರಿಯಲ್ಲಿ ಹೊರಡಿಸಿದ ಪ್ರಕಟಣೆಯ ಜೆರಾಕ್ಸ್ ಕಿಸೆಯಲ್ಲಿತ್ತು. ಅಂಗಡಿಯವ ಕನ್ನಡಕ ಹಾಕಿಕೊಂಡು ಓದಿದ. "ಹೌದೇನ್ರೀ, ನಮಗ್ಯಾರು ಹೇಳ್ಯಾರ" ಅಂದು ನಾಣ್ಯ ತಗೊಂಡು ಗಲ್ಲೆಗೆ ಹಾಕಿದ. ಉಳಿದ ಎರಡು ರೂಪಾಯಿಯನ್ನು ನಾವು ಚಾಚಿದ ಕೈ ಬಿಟ್ಟು ಹಲಗೆಯ ಮೇಲೆ ಇಟ್ಟ. ಎಲ್ಲರಿಗೂ ಹಾಗೇ ಇಡುತ್ತಾನೇನೋ ಅಂತ ನಾವು ಒಂದು ಹೊತ್ತು ಅಲ್ಲೇ ನಿಂತು ನೋಡಿದೆವು.